ಪೇತ್ರನ ಎರಡು ಪೀಠ, ಬ್ರಹ್ಮಾವರದ ಒಂದು ಇಗರ್ಜಿ

ಉಡುಪಿಯಿಂದ ಕುಂದಾಪುರದ ಕಡೆ ಹೊರಟರೆ ಸಂತೆಕಟ್ಟೆಯ ಹತ್ತಿರ ಎಡಕ್ಕೆ ಕಲ್ಯಾಣಪುರದ ದಾರಿ ಸಿಗುತ್ತದೆ. ಅಲ್ಲಿರುವುದು ಮಿಲಾಗ್ರಿಸ್ ಇಗರ್ಜಿ. ಹೆದ್ದಾರಿಯಲ್ಲೇ ಮುಂದುವರಿದು ಸ್ವರ್ಣಾ ನದಿಯ ಸೇತುವೆ ದಾಟಿ ಕೆಲವು ಕಿಲೋಮೀಟರು ಹೋದರೆ ಬ್ರಹ್ಮಾವರ. ಅಲ್ಲಿಯೂ ಮರಿಯಮ್ಮನ ಹೆಸರಿನ ಒಂದು ಇಗರ್ಜಿ ಇದೆ. ಎರಡೂ ಕಡೆ ಮನೆಯ ಮಾತು ಕೊಂಕಣಿ. ಎರಡೂ ಕಡೆಯವರ ಹಿರಿಯರು ಒಂದೇ ಕಾಲದಲ್ಲಿ ಗೋವಾ ಬಿಟ್ಟು ಕೆನರಾಕ್ಕೆ ಇಳಿದು ಬಂದವರು. ಆದರೆ ಕಲ್ಯಾಣಪುರದ ಪೂಜೆಯಲ್ಲಿ ರೋಮಿನ ಪೋಪರ ಹೆಸರು ಹೇಳಿ ಪ್ರಾರ್ಥಿಸುತ್ತಾರೆ, ಬ್ರಹ್ಮಾವರದಲ್ಲಿ ಕೊಟ್ಟಾಯದ ಕೆಥೋಲಿಕೋಸರ, ಅಂದರೆ ಮಲಂಕರ ಆರ್ಥೊಡಾಕ್ಸ್ ಸಭೆಯ ಮುಖ್ಯಸ್ಥರ, ಹೆಸರು ಹೇಳುತ್ತಾರೆ. ಬ್ರಹ್ಮಾವರದ ಎಸ್.ಎಂ.ಎಸ್. ಕಾಲೇಜು ಎಂದರೆ ಸುತ್ತಲಿನ ಊರಿನವರಿಗೆಲ್ಲ ಗೊತ್ತು. ಕೊನೆಯ ‘ಎಸ್’ ಯಾವುದು ಎಂದು ಕೇಳಿದರೆ ಅಲ್ಲೇ ಓದಿದವರೂ ಒಮ್ಮೊಮ್ಮೆ ತಡವರಿಸುತ್ತಾರೆ. ಅದು ‘ಸಿರಿಯನ್’. ಸೇಂಟ್ ಮೇರೀಸ್ ಸಿರಿಯನ್. ಸಿರಿಯಾದ ಹೆಸರು ತುಳುನಾಡಿನ ಗದ್ದೆಗಳ ನಡುವೆ ಬಂದು ನಿಂತದ್ದು ಹೇಗೆ?

ಇದು ನೂರಮೂವತ್ತು ವರ್ಷಕ್ಕೂ ಹಿಂದಿನ ಒಂದು ಜಗಳದ ಕತೆ. ಕಡತಗಳಲ್ಲಿ ನೋಡಿದರೆ ಯಾವ ಇಗರ್ಜಿ ಯಾರ ಆಡಳಿತಕ್ಕೆ ಎಂಬ ವ್ಯಾಜ್ಯ. ಆ ವ್ಯಾಜ್ಯದ ಕೆಳಗೆ ಕ್ರೈಸ್ತ ಸಭೆಯಷ್ಟೇ ಹಳೆಯದಾದ ಒಂದು ಪ್ರಶ್ನೆ ಇತ್ತು. ಯೇಸು ತನ್ನ ಹನ್ನೆರಡು ಶಿಷ್ಯರಿಗೆ, ಅಂದರೆ ಅಪೊಸ್ತಲರಿಗೆ, ಕೊಟ್ಟನೆಂದು ನಂಬುವ ಅಧಿಕಾರ ಈಗ ಯಾರ ಕೈಯಲ್ಲಿದೆ? ಅದು ಎಲ್ಲಿಯವರೆಗೆ ನಡೆಯುತ್ತದೆ?

ಈ ಅಧಿಕಾರ ದಾಟುವುದು ಕೈಯಿಂದ. ಒಬ್ಬ ಬಿಷಪ್ ಇನ್ನೊಬ್ಬನ ತಲೆಯ ಮೇಲೆ ಕೈಯಿಟ್ಟು ಪ್ರಾರ್ಥಿಸುತ್ತಾನೆ. ಅವನ ತಲೆಯ ಮೇಲೆ ಹಿಂದೆ ಮತ್ತೊಬ್ಬ ಕೈಯಿಟ್ಟಿರುತ್ತಾನೆ. ಹೀಗೆ ಹಿಂದೆ ಹಿಂದೆ ಹೋದರೆ ಕೊನೆಗೆ ಒಬ್ಬ ಅಪೊಸ್ತಲನ ಕೈ ಸಿಗಬೇಕು ಎಂಬುದು ನಂಬಿಕೆ. ಕ್ರಿ.ಶ. 180ರ ಸುಮಾರಿಗೆ ಲಿಯೋನ್ ನಗರದ ಬಿಷಪ್ ಐರಿನೇಯಸ್ ಭಿನ್ನಮತದವರಿಗೆ ಉತ್ತರ ಕೊಡುವಾಗ ರೋಮಿನ ಬಿಷಪರ ಹೆಸರುಗಳನ್ನು ಒಂದೊಂದಾಗಿ ಬರೆದು ತೋರಿಸಿದ. ನಮ್ಮ ಬೋಧನೆ ಗುಟ್ಟಿನದಲ್ಲ, ಯಾರಿಂದ ಯಾರಿಗೆ ಬಂತೆಂದು ನೀವೇ ನೋಡಿ ಎಂಬುದು ಅವನ ವಾದ. 325ರ ನೈಸಿಯಾ ಮಹಾಸಭೆ ಒಂದು ಕಟ್ಟಳೆ ಮಾಡಿತು: ಹೊಸ ಬಿಷಪ್ ಆಗಬೇಕಾದರೆ ಕಡಿಮೆಯೆಂದರೂ ಮೂವರು ಬಿಷಪರ ಕೈ ಬೇಕು. ಒಬ್ಬನೇ ಬಿಷಪ್ ಗುಟ್ಟಾಗಿ ಇನ್ನೊಬ್ಬನನ್ನು ಮಾಡಿಬಿಟ್ಟರೆ ಸಭೆಯ ಒಪ್ಪಿಗೆ ಎಲ್ಲಿದೆ ಎಂದು ಕೇಳುವವರೇ ಇರುವುದಿಲ್ಲ, ಅದಕ್ಕೆ.

ಆ ಕೈ ಸಭೆಯಿಂದ ಹೊರಗೆ ಹೋದವನದಾದರೆ? ಕಾರ್ಥೇಜಿನ ಸಿಪ್ರಿಯನ್ 256ರಲ್ಲಿ 87 ಬಿಷಪರನ್ನು ಕೂಡಿಸಿ, ಹೊರಗೆ ಹೋದವನು ಕೊಡುವ ಜ್ಞಾನಸ್ನಾನ ಜ್ಞಾನಸ್ನಾನವೇ ಅಲ್ಲ ಎಂದು ತೀರ್ಮಾನಿಸಿದ. ರೋಮಿನ ಬಿಷಪ್ ಸ್ಟೀಫನ್ ಒಪ್ಪಲಿಲ್ಲ. ಸಿಪ್ರಿಯನ್ನನೂ ತಲೆಬಾಗಲಿಲ್ಲ. ನೂರೈವತ್ತು ವರ್ಷದ ನಂತರ ಅದೇ ಆಫ್ರಿಕಾದ ಅಗಸ್ಟೀನ್ ಬೇರೆ ದಾರಿ ತೋರಿಸಿದ: ಸಂಸ್ಕಾರ ಕ್ರಿಸ್ತನದು, ಕೊಡುವವನದಲ್ಲ. ಕೊಡುವ ಕೈ ತಪ್ಪು ಕಡೆ ನಿಂತಿದ್ದರೂ ಕೊಟ್ಟದ್ದು ನಿಜವಾಗಿಯೇ ಉಳಿಯುತ್ತದೆ. ‘ಸಿಂಧು’ (ಕೊಟ್ಟದ್ದು ನಿಜ) ಮತ್ತು ‘ಸಕ್ರಮ’ (ಕೊಟ್ಟ ಬಗೆ ಕಟ್ಟಳೆಗೆ ಸರಿ) ಎಂಬ ಎರಡು ಮಾತುಗಳು ಬೇರೆಯಾದದ್ದು ಈ ಯೋಚನೆಯಿಂದ. ಬ್ರಹ್ಮಾವರದ ಕತೆ ನಡೆಯುವುದು ಆ ಎರಡು ಮಾತುಗಳ ನಡುವಿನ ಕಿರಿದಾದ ಜಾಗದಲ್ಲಿ.

ಹದಿನೈದನೇ ಶತಮಾನದ ಪೋಪರು ಪೋರ್ಚುಗಲ್ಲಿನ ದೊರೆಗೆ ಒಂದು ದೊಡ್ಡ ಹಕ್ಕನ್ನು ಬರೆದುಕೊಟ್ಟಿದ್ದರು. ಅದಕ್ಕೆ ಪದ್ರುವಾದೊ ಎಂದು ಹೆಸರು. ದೊರೆ ಇಗರ್ಜಿ ಕಟ್ಟಿಸಬೇಕು, ಪಾದ್ರಿಗಳಿಗೆ ಸಂಬಳ ಕೊಡಬೇಕು. ಅದಕ್ಕೆ ಪ್ರತಿಯಾಗಿ ಪೂರ್ವದೇಶಗಳಲ್ಲಿ ಯಾರು ಬಿಷಪ್ ಆಗಬೇಕೆಂದು ಹೆಸರಿಸುವವನು ಅವನೇ. 1534ರಲ್ಲಿ ಗೋವಾ ಧರ್ಮಪ್ರಾಂತ್ಯವಾಯಿತು, 1558ರಲ್ಲಿ ಮಹಾಧರ್ಮಪ್ರಾಂತ್ಯ. ಪೋರ್ಚುಗೀಸರ ಬಲ ಕುಗ್ಗತೊಡಗಿದ ಮೇಲೆ ತಾನು ಬರೆದುಕೊಟ್ಟ ಹಕ್ಕು ತನಗೇ ತೊಡಕಾಯಿತೆಂದು ರೋಮಿಗೆ ಅನ್ನಿಸಿತು. 1622ರಲ್ಲಿ ಪ್ರೊಪಗಾಂಡಾ ಫಿದೆ ಎಂಬ ತನ್ನದೇ ಧರ್ಮಪ್ರಚಾರ ಮಂಡಳಿಯನ್ನು ಹುಟ್ಟುಹಾಕಿ, ದೊರೆಯನ್ನು ಕೇಳದೆ ‘ಅಪೊಸ್ತಲಿಕ ವಿಕಾರ್’ ಎಂಬ ಬಿರುದಿನ ಬಿಷಪರನ್ನು ಕಳಿಸಲು ಶುರುಮಾಡಿತು. ಆ ಬಿರುದಿನ ಅರ್ಥ ಅದರಲ್ಲೇ ಇದೆ: ಇವನು ಸ್ವಂತ ಹಕ್ಕಿನ ಬಿಷಪ್ ಅಲ್ಲ, ಪೋಪರ ಪರವಾಗಿ ನಿಂತವನು.

ಕೆನರಾ ಗೋವಾ ಮತ್ತು ರೋಮಿನ ನಡುವೆ ಸಿಕ್ಕಿತು. 1678ರಲ್ಲಿ ಪೋರ್ಚುಗೀಸರಿಗೂ ಕೆಳದಿಯ ಅರಸರಿಗೂ ಆದ ಒಪ್ಪಂದದಲ್ಲಿ ಕಲ್ಯಾಣಪುರ, ಭಟ್ಕಳ ಮೊದಲಾದ ಕಡೆ ಇಗರ್ಜಿ ಕಟ್ಟಲು ಅನುಮತಿ ಸಿಕ್ಕಿತ್ತು. ಕಲ್ಯಾಣಪುರದ ಮಿಲಾಗ್ರಿಸ್ ಆ ವರ್ಷದ್ದು. ಅದಕ್ಕೂ ಮುಂಚೆ, 1674ರಲ್ಲಿ, ರೋಮು ಕೆನರಾಕ್ಕೆ ಅಪೊಸ್ತಲಿಕ ವಿಕಾರರನ್ನು ನೇಮಿಸಿತ್ತು. ಅವರು ಗೋವಾದವರೇ ಆದ ಬಿಷಪ್ ತೋಮಸ್ ದೆ ಕ್ಯಾಸ್ಟ್ರೊ. ಮಂಗಳೂರಿಗೆ ಬಂದು ನೆಲೆಸಿ, ಕೆಳದಿಯ ರಾಣಿ ಚೆನ್ನಮ್ಮನ ಆಳ್ವಿಕೆಯಲ್ಲಿ ಭೂಮಿ ಪಡೆದು, 1680ರಲ್ಲಿ ಅಲ್ಲಿಯ ಮಿಲಾಗ್ರಿಸ್ ಇಗರ್ಜಿಯನ್ನು ಕಟ್ಟಿಸಿದರು. ಗೋವಾ ಅವರನ್ನು ಒಪ್ಪಲಿಲ್ಲ. 1681ರಲ್ಲಿ ತನ್ನ ಕಡೆಯಿಂದ ಒಬ್ಬ ಯುವ ಪಾದ್ರಿಯನ್ನು ಕಳಿಸಿತು. ಮುಂದೆ ಸಿಲೋನಿನಲ್ಲಿ ದುಡಿದು, 2015ರಲ್ಲಿ ಕೊಲಂಬೊದಲ್ಲಿ ಸಂತನೆಂದು ಘೋಷಿತನಾದ ಜೋಸೆಫ್ ವಾಜ್ ಆತ.

ಈಗ ಒಂದು ಮನೆಯನ್ನು ಕಣ್ಣಮುಂದೆ ತಂದುಕೊಳ್ಳಿ. ಅಪ್ಪ ಕಾಯಿಲೆಯಿಂದ ಹಾಸಿಗೆ ಹಿಡಿದಿದ್ದಾನೆ. ಪಾಪನಿವೇದನೆ ಕೇಳಲು ಯಾವ ಪಾದ್ರಿಯನ್ನು ಕರೆಯಬೇಕು? ಕ್ಯಾಥೊಲಿಕ್ ಕಟ್ಟಳೆಯ ಪ್ರಕಾರ ಪಾಪಕ್ಷಮೆ ಕೊಡಲು ದೀಕ್ಷೆಯೊಂದೇ ಸಾಲದು, ಆ ಊರಿನಲ್ಲಿ ಅಧಿಕಾರವೂ ಇರಬೇಕು. ಮದುವೆಯದೂ ಅದೇ ಮಾತು. ಟ್ರೆಂಟ್ ಮಹಾಸಭೆ 1563ರಲ್ಲಿ ಮಾಡಿದ ಕಟ್ಟಳೆಯಂತೆ ವಧೂವರರ ಸ್ವಂತ ವಿಗಾರನ, ಅಂದರೆ ಅವರ ಇಗರ್ಜಿಯ ಪಾದ್ರಿಯ, ಎದುರಿನಲ್ಲಿ ಆಗದ ಮದುವೆ ಮದುವೆಯೇ ಅಲ್ಲ. ನಮ್ಮ ವಿಗಾರ ಯಾರು, ಗೋವಾದವನೋ, ಬಿಷಪ್ ಕ್ಯಾಸ್ಟ್ರೊನವನೋ? ಒಂದು ಕಡೆಯವರು ಇನ್ನೊಂದು ಕಡೆಯವರ ಸಂಸ್ಕಾರ ಸುಳ್ಳು ಎಂದು ಸಾರಿದರೆ ಗದ್ದೆಯಲ್ಲಿ ನಾಟಿ ಮಾಡುವವನು ತನ್ನ ಮಕ್ಕಳು ಸಕ್ರಮ ಸಂತಾನವೋ ಅಲ್ಲವೋ ಎಂದು ರಾತ್ರಿಯೆಲ್ಲ ಯೋಚಿಸಬೇಕಾಗುತ್ತದೆ. ಅಧಿಕಾರದ ಮಾತು ಪುಸ್ತಕದಿಂದ ಇಳಿದು ಹಾಸಿಗೆಯ ಪಕ್ಕಕ್ಕೂ ತೊಟ್ಟಿಲಿನ ಪಕ್ಕಕ್ಕೂ ಬರುವುದು ಹೀಗೆ. ಜೋಸೆಫ್ ವಾಜ್ ಇದನ್ನು ಅರಿತವರು. ಬಿಷಪ್ ಕ್ಯಾಸ್ಟ್ರೊ ಅವರನ್ನು ತಾವೇ ಹೋಗಿ ಕಂಡು, ರೋಮಿನ ತೀರ್ಮಾನ ಬರುವವರೆಗೆ ಜನರ ಮನಸ್ಸು ಕದಡದಂತೆ ಹೊಂದಿಕೆ ಮಾಡಿಕೊಂಡರು. ಅವರನ್ನು ಸಂತರ ಸಾಲಿಗೆ ಸೇರಿಸುವಾಗ ಸಿಲೋನಿನ ಸಾಹಸಗಳನ್ನೇ ಹೆಚ್ಚು ನೆನೆದರು. ಮಂಗಳೂರಿನ ಆ ಒಂದು ಭೇಟಿ ಅವುಗಳಿಗಿಂತ ಕಡಿಮೆಯದಲ್ಲ ಎಂದು ನನಗೆ ಅನ್ನಿಸುತ್ತದೆ.

1684ರಲ್ಲಿ ಕ್ಯಾಸ್ಟ್ರೊ ತೀರಿಕೊಂಡರು. ಕೆನರಾ ಬಹುಮಟ್ಟಿಗೆ ಗೋವಾದ ನೆರಳಿಗೆ ಮರಳಿತು. ನಡುವೆ ಟಿಪ್ಪುವಿನ ಕಾಲದ ಸೆರೆ, 1784ರಿಂದ 1799ರವರೆಗೆ. ಉಳಿದವರು ಶ್ರೀರಂಗಪಟ್ಟಣದಿಂದ ಮರಳಿ ಬಂದಾಗ ಇಗರ್ಜಿಗಳು ನೆಲಸಮವಾಗಿದ್ದವು. ಅವನ್ನು ಮತ್ತೆ ಎಬ್ಬಿಸುವಾಗ ಜೊತೆಗಿದ್ದವರು ಗೋವಾದ ಪಾದ್ರಿಗಳು. ಅದೇ ಕೊಂಕಣಿ ಮಾತಾಡುವವರು, ಅದೇ ಊಟ ಉಣ್ಣುವವರು. ಮುಂದೆ ನಡೆದದ್ದು ತಿಳಿಯಬೇಕಾದರೆ ಈ ಸಂಬಂಧವನ್ನು ಮರೆಯಬಾರದು.

1834ರಲ್ಲಿ ಪೋರ್ಚುಗಲ್ ಸರ್ಕಾರ ತನ್ನ ನಾಡಿನ ಸನ್ಯಾಸಿ ಸಂಘಗಳನ್ನೆಲ್ಲ ಮುಚ್ಚಿತು. ನಾಲ್ಕು ವರ್ಷದ ನಂತರ, 1838ರ ಏಪ್ರಿಲ್ 24ರಂದು, ಪೋಪ್ ಹದಿನಾರನೇ ಗ್ರೆಗರಿ ‘ಮುಲ್ತಾ ಪ್ರೆಕ್ಲಾರೆ’ ಎಂಬ ಆಜ್ಞೆಯಿಂದ ಬ್ರಿಟಿಷ್ ಇಂಡಿಯಾದಲ್ಲಿ ಪದ್ರುವಾದೊದ ಅಧಿಕಾರವನ್ನು ಮೊಟಕುಗೊಳಿಸಿ ಅಪೊಸ್ತಲಿಕ ವಿಕಾರರಿಗೆ ಕೊಟ್ಟರು. ದೊರೆಯ ಸಹಿ ಇಲ್ಲದ ಆಜ್ಞೆ ನಮಗೆ ಸಲ್ಲದು ಎಂದು ಗೋವಾ ಹೇಳಿತು. ರೋಮು ಇದನ್ನು ‘ಗೋವಾದ ಭೇದ’ ಎಂದು ಕರೆಯಿತು. 1844ರಲ್ಲಿ ಬಂದ ಗೋವಾದ ಮಹಾಧರ್ಮಾಧ್ಯಕ್ಷ ಸಿಲ್ವಾ ತೋರಿಸ್ ಸ್ವಲ್ಪ ಸಮಯದಲ್ಲೇ ನೂರಾರು ಜನರಿಗೆ ದೀಕ್ಷೆ ಕೊಟ್ಟು ಪದ್ರುವಾದೊದ ಇಗರ್ಜಿಗಳನ್ನು ತುಂಬಿದರು. ತಲೆಯ ಮೇಲೆ ಕೈಯಿಡುವ ಸಂಸ್ಕಾರ ಇಲ್ಲಿ ದಂಡು ಕೂಡಿಸುವ ಕೆಲಸಕ್ಕೆ ಬಳಕೆಯಾಯಿತು. ಅದನ್ನು ಓದುವಾಗ ಬೇಸರವಾಗುತ್ತದೆ.

ಕೆನರಾದಲ್ಲಿ ಕೆಲವು ಇಗರ್ಜಿಗಳು ರೋಮಿನ ವಿಕಾರರ ಕಡೆ ಹೋದವು, ಕಲ್ಯಾಣಪುರದಂಥವು ಗೋವಾವನ್ನು ಹಿಡಿದುಕೊಂಡವು. 1878ರ ಡಿಸೆಂಬರ್ 31ರಂದು ಇಟಲಿಯ ಜೆಸ್ವಿಟರು ಮಂಗಳೂರಿನಲ್ಲಿ ಇಳಿದರು. ಅವರು ಕಟ್ಟಿದ ಶಾಲೆ, ಕಾಲೇಜು, ಆಸ್ಪತ್ರೆ, ಮುದ್ರಣಾಲಯಗಳ ಉಪಕಾರ ದೊಡ್ಡದು. ಗೋವಾದ ಪಾದ್ರಿಗಳ ಪಾಲಿಗೆ ಮಾತ್ರ ಅವರು ತಮ್ಮ ಜಾಗಕ್ಕೆ ಬಂದ ಬಿಳಿಯರು.

ಈ ನಡುವೆ ರೋಮಿನಲ್ಲಿ ಒಂದು ದೊಡ್ಡ ಸಂಗತಿ ನಡೆದಿತ್ತು. 1870ರ ಜುಲೈ 18. ಸಂತ ಪೇತ್ರರ ಮಹಾದೇವಾಲಯದಲ್ಲಿ ಬಿಷಪರು ಒಬ್ಬೊಬ್ಬರಾಗಿ ಎದ್ದು ಮತ ಹೇಳುತ್ತಿದ್ದರೆ ಹೊರಗೆ ಗುಡುಗು ಮಿಂಚಿನ ಮಳೆ. 533 ಮಂದಿ ಒಪ್ಪಿದರು, ಇಬ್ಬರು ಒಪ್ಪಲಿಲ್ಲ. ಆ ದಿನದ ನಿರ್ಣಯವೆಂದರೆ ಎಲ್ಲರಿಗೂ ನೆನಪಾಗುವುದು ಪೋಪರು ನಂಬಿಕೆಯ ವಿಷಯದಲ್ಲಿ ತಪ್ಪುವುದಿಲ್ಲ ಎಂಬ ಭಾಗ. ಕಲ್ಯಾಣಪುರದವರಿಗೆ ತಟ್ಟಿದ್ದು ಅದರ ಇನ್ನೊಂದು ಭಾಗ: ಪ್ರತಿಯೊಂದು ಇಗರ್ಜಿಯ ಮೇಲೂ ಪ್ರತಿಯೊಬ್ಬ ಕ್ರೈಸ್ತನ ಮೇಲೂ ಪೋಪರಿಗೆ ಪೂರ್ಣವಾದ, ನೇರವಾದ ಅಧಿಕಾರವಿದೆ. ನಡುವೆ ದೊರೆ ಬೇಕಿಲ್ಲ, ಮಹಾಧರ್ಮಾಧ್ಯಕ್ಷನೂ ಬೇಕಿಲ್ಲ.

ಹದಿನಾರು ವರ್ಷಗಳ ನಂತರ ಆ ಅಧಿಕಾರ ತುಳುನಾಡನ್ನು ಮುಟ್ಟಿತು. 1886ರ ಜೂನ್ 23ರಂದು ಹದಿಮೂರನೇ ಲಿಯೋ ಪೋಪರಿಗೂ ಪೋರ್ಚುಗಲ್ಲಿಗೂ ಒಪ್ಪಂದವಾಯಿತು. ಸೆಪ್ಟೆಂಬರ್ 1ರಂದು ಭಾರತಕ್ಕೆ ಹೊಸ ಧರ್ಮಪ್ರಾಂತ್ಯಗಳು. 1887ರ ಜನವರಿಯಲ್ಲಿ ಪೋಪರ ಪ್ರತಿನಿಧಿ ಅಲ್ಯಾರ್ದಿ ಬೆಂಗಳೂರಿನಲ್ಲಿ ಬಿಷಪರನ್ನು ಕೂಡಿಸಿ ಅದನ್ನು ಸಾರಿದರು. ಮಂಗಳೂರು ಪೂರ್ಣ ಧರ್ಮಪ್ರಾಂತ್ಯವಾಯಿತು, ಜೆಸ್ವಿಟ್ ನಿಕೊಲಸ್ ಪಗಾನಿ ಅದರ ಮೊದಲ ಬಿಷಪರಾದರು. ಗೋವಾದ ಮಹಾಧರ್ಮಾಧ್ಯಕ್ಷರಿಗೆ ‘ಪೂರ್ವ ಇಂಡೀಸಿನ ಪಿತೃಪ್ರಧಾನ’ ಎಂಬ ಗೌರವದ ಬಿರುದು ಬಂತು. ದಕ್ಷಿಣ ಕನ್ನಡದಲ್ಲಿ ಗೋವಾದ ಕೈಯಲ್ಲಿ ಉಳಿದಿದ್ದ ಇಗರ್ಜಿಗಳು ಮಂಗಳೂರಿಗೆ ಸೇರಿದವು.

ಆಡಳಿತದ ಕಣ್ಣಿನಲ್ಲಿ ಇದು ಸರಿಯಾದ ಕೆಲಸ. ಒಂದೇ ಊರಿಗೆ ಇಬ್ಬರು ಬಿಷಪರು ಬಡಿದಾಡುವುದು ತಪ್ಪಿತು. ಆದರೆ ಯಾರ ಇಗರ್ಜಿಯನ್ನು ಬರೆದುಕೊಟ್ಟರೋ ಅವರನ್ನು ಯಾರೂ ಕೇಳಲಿಲ್ಲ. ಇನ್ನೂರು ವರ್ಷ ಗೋವಾದ ಹೆಸರು ಹೇಳಿ ಪೂಜೆ ಕಂಡವರಿಗೆ, ಟಿಪ್ಪುವಿನ ಸೆರೆಯಿಂದ ಬಂದು ಕಲ್ಲು ಹೊತ್ತು ಗೋಡೆ ಎಬ್ಬಿಸಿದವರ ಮೊಮ್ಮಕ್ಕಳಿಗೆ, ನಾಳೆಯಿಂದ ನಿಮ್ಮ ವಿಗಾರ ಬೇರೆ ಎಂದು ಒಂದು ಕಾಗದ ಬಂತು. ಇದಕ್ಕೂ ಗೇಣಿ ಒಕ್ಕಲನ್ನು ಕೇಳದೆ ಗದ್ದೆಯನ್ನು ಇನ್ನೊಬ್ಬ ಧಣಿಗೆ ಮಾರುವುದಕ್ಕೂ ಜನರಿಗೆ ವ್ಯತ್ಯಾಸ ಕಾಣಲಿಲ್ಲ.

ಅವರ ಕಡೆ ನಿಂತವರಲ್ಲಿ ಮುಖ್ಯರಾದವರು ಪಾದ್ರಿ ಆಂಟೋನಿಯೊ ಫ್ರಾನ್ಸಿಸ್ಕೊ ಶಾವಿಯೆರ್ ಆಲ್ವಾರಿಸ್. 1836ರಲ್ಲಿ ಗೋವಾದ ವೆರ್ಣದಲ್ಲಿ ಹುಟ್ಟಿದವರು. ಬಾಯಿ ಬಿಗಿಹಿಡಿಯುವ ಸ್ವಭಾವದವರಲ್ಲ. ಪತ್ರಿಕೆ ನಡೆಸಿದರು, ಸರ್ಕಾರವನ್ನೂ ಸಭೆಯ ದೊಡ್ಡವರನ್ನೂ ಟೀಕಿಸಿದರು. ಪತ್ರಿಕೆ ನಿಲ್ಲಿಸಿದರೆ ಇನ್ನೊಂದು ಹೆಸರಿನಲ್ಲಿ ಮತ್ತೆ ತೆರೆದರು. ಕೊಲಂಬೊದಲ್ಲಿದ್ದ ವೈದ್ಯ ಲಿಸ್ಬೊವಾ ಪಿಂಟೊ ಅವರಂಥವರ ಜೊತೆಗೂಡಿ ಪದ್ರುವಾದೊ ಉಳಿಸಲು ಹೋರಾಡಿದರು. ಲಿಸ್ಬನ್ ತಾನೇ ಒಪ್ಪಂದಕ್ಕೆ ಸಹಿ ಹಾಕಿದ ಮೇಲೆ ಅವರ ಕಾಲ ಕೆಳಗಿನ ನೆಲವೇ ಸರಿಯಿತು. ಯಾವ ದೊರೆಯ ಹಕ್ಕಿಗಾಗಿ ಹೋರಾಡಿದರೋ ಆ ದೊರೆಯೇ ಅದನ್ನು ಬಿಟ್ಟುಕೊಟ್ಟಿದ್ದ. ಮಹಾಧರ್ಮಾಧ್ಯಕ್ಷ ವಾಲೆಂತೆ ಅವರಿಂದ ಬಹಿಷ್ಕಾರವೂ ಬಂತು.

ಆಗ ಅವರು ಕೇಳಿಕೊಂಡ ಪ್ರಶ್ನೆ ಅಗಸ್ಟೀನನ ಕಾಲದ ಪ್ರಶ್ನೆಯೇ. ಅಪೊಸ್ತಲರ ಮುಖಂಡ ಪೇತ್ರನ ಅಧಿಕಾರ ರೋಮಿನ ಬಾಗಿಲಿನಿಂದ ಮಾತ್ರ ಬರುತ್ತದೆಯೇ? ಪೇತ್ರ ರೋಮಿಗೆ ಹೋಗುವ ಮುಂಚೆ ಸಿರಿಯಾದ ಅಂತಿಯೋಕ್ಯದಲ್ಲಿದ್ದ. ಅಲ್ಲಿಯೂ ಪೇತ್ರನ ಪೀಠವಿದೆ. ಅದರ ಪಿತೃಪ್ರಧಾನರೆಲ್ಲರೂ ಇಗ್ನೇಷಿಯಸ್ ಎಂಬ ಹೆಸರು ಧರಿಸುತ್ತಾರೆ. ಎರಡನೇ ಶತಮಾನದ ಆರಂಭದಲ್ಲಿ ರೋಮಿಗೆ ಸೆರೆಯಾಳಾಗಿ ಹೋಗುವ ದಾರಿಯಲ್ಲಿ ಏಳು ಪತ್ರ ಬರೆದು, ಬಿಷಪನಿಲ್ಲದೆ ಏನನ್ನೂ ಮಾಡಬೇಡಿ ಎಂದು ಸಭೆಗಳಿಗೆ ಬುದ್ಧಿ ಹೇಳಿದ ಇಗ್ನೇಷಿಯಸನ ನೆನಪಿಗೆ. ಆ ಪೀಠ 451ರ ಕಾಲ್ಸಿಡಾನ್ ಮಹಾಸಭೆಯ ನಂತರ ರೋಮಿನಿಂದ ಬೇರೆಯಾಗಿತ್ತು. ಆಲ್ವಾರಿಸ್ ಕಾಲದಲ್ಲಿ ಆ ಪೀಠದ ಪಿತೃಪ್ರಧಾನರ ಹೆಸರು ಇಗ್ನೇಷಿಯಸ್ ಪೇತ್ರ. ಅವರು 1876ರಲ್ಲಿ ಕೇರಳಕ್ಕೆ ಬಂದು ಮುಳಂತುರುತ್ತಿಯಲ್ಲಿ ಸಭೆ ಕರೆದು, ಅಲ್ಲಿಯ ಸುರಿಯಾನಿ ಕ್ರೈಸ್ತರಿಗೆ ಹೊಸ ಬಿಷಪರನ್ನು ಮಾಡಿ ಹೋಗಿದ್ದರು. ಅಂದರೆ ಪೇತ್ರನ ಇನ್ನೊಂದು ಬಾಗಿಲು ಕೊಟ್ಟಾಯದಲ್ಲೇ ತೆರೆದಿತ್ತು.

ಆ ಬಾಗಿಲಿನ ಒಳಗೂ ಅಪೊಸ್ತಲ ಅಧಿಕಾರದ ಜಗಳ ನಡೆಯುತ್ತಿತ್ತು ಎಂಬುದು ಈ ಕತೆಯ ಬಹಳ ದೊಡ್ಡ ತಿರುವು. ಕೊಟ್ಟಾಯದ ಹಳೆಯ ಸೆಮಿನರಿ, ಮೀನಚ್ಚಿಲ್ ನದಿಯ ದಡದಲ್ಲಿ 1815ರಲ್ಲಿ ಕಟ್ಟಿದ್ದು. ಆ ಆಸ್ತಿ ಯಾವ ಮೆತ್ರಾಪೊಲೀತರಿಗೆ, ಅಂದರೆ ಪ್ರಧಾನ ಬಿಷಪರಿಗೆ, ಸೇರಬೇಕು? ಹಿಂದಿನ ಮೆತ್ರಾಪೊಲೀತರಿಂದಲೇ ನೇಮಕಗೊಂಡ ತೋಮಸ್ ಅಥಾನಾಸಿಯೋಸರಿಗೋ, ಪಿತೃಪ್ರಧಾನರ ಒಪ್ಪಿಗೆ ಪಡೆದ ಪುಲಿಕ್ಕೋಟ್ಟಿಲ್ ಜೋಸೆಫ್ ಮಾರ್ ದಿಯೊನಿಸಿಯೋಸರಿಗೋ? ಅಂತಿಯೋಕ್ಯದ ಅಧಿಕಾರ ಮಲಬಾರಿನಲ್ಲಿ ಎಷ್ಟು ದೂರ ನಡೆಯುತ್ತದೆ ಎಂಬುದೇ ಮೊಕದ್ದಮೆಯ ತಿರುಳು. ಹತ್ತು ವರ್ಷ ಎಳೆದು ಅದು ತಿರುವಾಂಕೂರಿನ ರಾಜ ನ್ಯಾಯಾಲಯಕ್ಕೆ ಬಂತು. 1889ರ ಜುಲೈ 12ರಂದು ತೀರ್ಪು. ಐರೋಪ್ಯ ನ್ಯಾಯಾಧೀಶ ಆರ್ಮ್ಸ್‌ಬಿ ಭಿನ್ನಮತ ಬರೆದರು. ಉಳಿದ ಇಬ್ಬರು, ಹಿಂದೂಗಳು, ಹೇಳಿದ್ದು ಇದು: ಮೆತ್ರಾಪೊಲೀತರಾಗುವವರು ಮಲಬಾರಿನವರೇ ಆಗಿರಬೇಕು, ಪಿತೃಪ್ರಧಾನರಿಂದಲೋ ಅವರು ಕಳಿಸಿದವರಿಂದಲೋ ಅಭಿಷೇಕ ಪಡೆದಿರಬೇಕು, ಮತ್ತು ಜನ ಅವರನ್ನು ಒಪ್ಪಿರಬೇಕು.

ಜನ ಒಪ್ಪಿರಬೇಕು. ರೋಮಿನ 1870ರ ನಿರ್ಣಯದಲ್ಲಿಯೂ 1886ರ ಒಪ್ಪಂದದಲ್ಲಿಯೂ ಸಿಗದ ಆ ಮಾತು ತಿರುವಾಂಕೂರಿನ ನ್ಯಾಯಪೀಠದ ತೀರ್ಪಿನಲ್ಲಿ ಸಿಗುತ್ತದೆ. ಕ್ರೈಸ್ತರಲ್ಲದ ಇಬ್ಬರು ನ್ಯಾಯಾಧೀಶರು ಕಡತ, ಸಾಕ್ಷಿ, ರೂಢಿಗಳನ್ನು ನೋಡಿ ಅಲ್ಲಿಗೆ ಬಂದು ಮುಟ್ಟಿದ್ದರು.

ತೀರ್ಪು ಬಂದು ಹದಿನೇಳು ದಿನಕ್ಕೆ, ಜುಲೈ 29ರ ಸೋಮವಾರ, ನಮ್ಮ ಕಡೆಯ ಆಟಿ ತಿಂಗಳಲ್ಲಿ, ಅದೇ ಹಳೆಯ ಸೆಮಿನರಿಯಲ್ಲಿ ಆಲ್ವಾರಿಸರ ಅಭಿಷೇಕವಾಯಿತು. ಮುಂದೆ ನಿಂತವರು ಮೊಕದ್ದಮೆ ಗೆದ್ದ ಮಾರ್ ದಿಯೊನಿಸಿಯೋಸ್. ಜೊತೆಗೆ ಪರುಮಲದ ಮಾರ್ ಗ್ರಿಗೋರಿಯೋಸ್, ಇಂದು ಕೇರಳದ ಸುರಿಯಾನಿಗಳು ಸಂತನೆಂದು ಪೂಜಿಸುವವರು. ಮಲಂಕರದ, ಅಂದರೆ ಕೇರಳದ ಸುರಿಯಾನಿ ಸಭೆಯ, ಇತರ ಬಿಷಪರೂ ಇದ್ದರು. ನೈಸಿಯಾದ ಕಟ್ಟಳೆ ಕೇಳುವಷ್ಟು ಕೈಗಳು ಇದ್ದವು.

ಸುರಿಯಾನಿ ಪದ್ಧತಿಯ ಅಭಿಷೇಕವನ್ನು ಸ್ವಲ್ಪ ಹತ್ತಿರದಿಂದ ನೋಡಬೇಕು. ಅಭಿಷೇಕ ಪಡೆಯುವವನು ಬಲಿಪೀಠದ ಮುಂದೆ ಮೊಣಕಾಲೂರುತ್ತಾನೆ. ಪ್ರಧಾನ ಬಿಷಪ್ ಮೊದಲು ಬಲಿಪೀಠದ ಮೇಲಿನ ರೊಟ್ಟಿ ಮತ್ತು ದ್ರಾಕ್ಷಾರಸದ ಮೇಲೆ ಎರಡೂ ಅಂಗೈಗಳನ್ನು ಆಡಿಸುತ್ತಾನೆ. ಹಕ್ಕಿ ಮರಿಗಳ ಮೇಲೆ ರೆಕ್ಕೆ ಆಡಿಸಿದ ಹಾಗೆ. ಆಮೇಲೆ ಆ ಕೈಗಳನ್ನು ಬಾಗಿದ ತಲೆಯ ಮೇಲೆ ತರುತ್ತಾನೆ. ಬಿಷಪನ ಅಗಲವಾದ ಮೇಲುವಸ್ತ್ರ ಇಬ್ಬರನ್ನೂ ಮುಚ್ಚುತ್ತದೆ. ಒಳಗೆ ನಡೆಯುವುದು ಹೊರಗಿನವರ ಕಣ್ಣಿಗೆ ಬೀಳುವುದಿಲ್ಲ. ಕೊಡುವುದು ತನ್ನದಲ್ಲ, ಬಲಿಪೀಠದಿಂದ ಎತ್ತಿ ತಂದದ್ದು ಎಂಬುದನ್ನು ಆ ಕೈ ತಾನೇ ತೋರಿಸುತ್ತದೆ. ಮಾತಿನ ಅಗತ್ಯವಿಲ್ಲ. ನಂತರ ಹೊಸ ಬಿಷಪನನ್ನು ಕುರ್ಚಿಯಲ್ಲಿ ಕೂರಿಸಿ ಪಾದ್ರಿಗಳು ಹೆಗಲಮಟ್ಟಕ್ಕೆ ಎತ್ತುತ್ತಾರೆ, ಮೂರು ಬಾರಿ. ಪ್ರತಿ ಸಲ ‘ಓಕ್ಸಿಯೋಸ್’ ಎಂದು ಕೂಗು ಏಳುತ್ತದೆ. ಗ್ರೀಕಿನಿಂದ ಸುರಿಯಾನಿಗೆ ಬಂದ ಪದ. ‘ಯೋಗ್ಯನು’ ಎಂದು ಅರ್ಥ. ಅದಕ್ಕೆ ನೆರೆದ ಜನ ದನಿಗೂಡಿಸಬೇಕು. ಕೈ ಬಿಷಪನದು, ಕೂಗು ಜನರದು.

ಮೊಣಕಾಲೂರುವಾಗ ಆಲ್ವಾರಿಸ್ ಬಹಿಷ್ಕೃತ ಪಾದ್ರಿ. ಎದ್ದಾಗ ಮಾರ್ ಜೂಲಿಯಸ್. ಮಲಬಾರನ್ನು ಬಿಟ್ಟು ಉಳಿದ ಭಾರತ, ಗೋವಾ ಮತ್ತು ಸಿಲೋನಿಗೆ ಮೆತ್ರಾಪೊಲೀತ. ಅವರನ್ನು ನಂಬಿ ಬಂದವರು ತಮ್ಮ ಲ್ಯಾಟಿನ್ ಪೂಜಾಪದ್ಧತಿಯನ್ನು ಬಿಡಬೇಕಾಗಿರಲಿಲ್ಲ. ಅಂತಿಯೋಕ್ಯದ ಸಭೆಯೊಳಗೆ ರೋಮಿನ ಪದ್ಧತಿಯ ಪೂಜೆ! ಸಾವಿರದ ನಾನೂರು ವರ್ಷ ಮುಖ ತಿರುಗಿಸಿಕೊಂಡಿದ್ದ ಎರಡು ಪೀಠಗಳು ಬ್ರಹ್ಮಾವರದ ಒಂದು ಇಗರ್ಜಿಯಲ್ಲಿ ಒಟ್ಟಿಗೆ ನಿಂತವು. ಮಹಾಸಭೆಗಳಿಗೆ ಆಗದ್ದು ಒಂದು ಹಳ್ಳಿಯಲ್ಲಿ ಆಯಿತು. ಇದರ ಅಚ್ಚರಿ ನನಗೆ ಇನ್ನೂ ಆರಿಲ್ಲ.

ಬ್ರಹ್ಮಾವರದಲ್ಲಿ ಜನರ ಜೊತೆ ನಿಂತವರು ಗೋವಾ ಮೂಲದ ಪಾದ್ರಿ ರೋಕ್ ಝೆಫ್ರಿನ್ ನೊರೊನ್ಹಾ. ಮಾರ್ ಜೂಲಿಯಸರ ಹೆಸರು ಸಾಗರದಾಚೆಗೂ ಹೋಯಿತು, ನೊರೊನ್ಹಾರ ಹೆಸರು ಬ್ರಹ್ಮಾವರದಲ್ಲೇ ಉಳಿಯಿತು. ಆದರೆ ದಿನದಿನದ ಭಾರ ಹೊತ್ತವರು ಅವರೇ. ಪಕ್ಕದ ಕಲ್ಯಾಣಪುರ ಮಂಗಳೂರಿನ ಬಿಷಪರಿಗೆ ಸೇರಿಹೋಗಿತ್ತು. ಇವರು ಹೊಸ ಸಭೆಗೆ ಸೇರಿದವರು, ಎಂದರೆ ಮಂಗಳೂರಿನ ಲೆಕ್ಕದಲ್ಲಿ ‘ಭೇದ’ದವರು. ನಂಟರ ಮನೆಯ ಮದುವೆಗೆ ಹೋಗುವುದು, ಸತ್ತವರನ್ನು ಯಾವ ಸಿಮಿತ್ರಿಯಲ್ಲಿ ಮಣ್ಣು ಮಾಡುವುದು, ಇಂಥ ಒಂದೊಂದೂ ಪ್ರಶ್ನೆ. ಇನ್ನೂರು ವರ್ಷದ ಹಿಂದೆ ಜೋಸೆಫ್ ವಾಜ್ ತಡೆಯಲು ನೋಡಿದ ಅದೇ ಭಯ ಮತ್ತೆ ಮನೆಮನೆಗೆ ಬಂತು. ಈ ಸಲ ಮಧ್ಯೆ ನಿಂತು ಹೊಂದಿಕೆ ಮಾಡುವ ವಾಜ್ ಇರಲಿಲ್ಲ. ನೊರೊನ್ಹಾ ಬ್ರಹ್ಮಾವರ ಬಿಡಲಿಲ್ಲ. 1936ರಲ್ಲಿ ತೀರಿಕೊಳ್ಳುವವರೆಗೆ ಆ ಜನರ ಜೊತೆಗಿದ್ದರು.

ಗೋವಾದಲ್ಲಿ ಮಾರ್ ಜೂಲಿಯಸರನ್ನು ಪೋರ್ಚುಗೀಸ್ ಪೊಲೀಸರು ಬಂಧಿಸಿ, ಬಿಷಪನ ಉಡುಪನ್ನು ಕಳಚಿಸಿ ಠಾಣೆಗೆ ಒಯ್ದರು. ನ್ಯಾಯಾಲಯ ಬಿಟ್ಟುಕಳಿಸಿತು. ಆಮೇಲೆ ಅವರ ಹೆಚ್ಚಿನ ದಿನಗಳು ಬಡವರ, ರೋಗಿಗಳ ನಡುವೆ ಕಳೆದವು. ಕಾಲರಾ ಬಂದಾಗ ಚಿಕಿತ್ಸೆಯ ಕೈಪಿಡಿ ಬರೆದರು. ಅಕ್ಕಿ ಸಾಲದ ವರ್ಷಗಳಿಗೆಂದು ಮರಗೆಣಸು ಬೆಳೆಯಲು ಜನರಿಗೆ ಹೇಳಿಕೊಟ್ಟರು, ಅದಕ್ಕೂ ಪುಸ್ತಿಕೆ ಬರೆದರು. ಅನಾಥರಿಗೆ ಮನೆ ತೆರೆದು ಭಿಕ್ಷೆ ಎತ್ತಿ ನಡೆಸಿದರು.

ಆ ಜೀವನದಲ್ಲಿ ಇನ್ನೊಂದು ಅಭಿಷೇಕವಿದೆ. 1892ರ ಮೇ 29ರ ಭಾನುವಾರ ಕೊಲಂಬೊದಲ್ಲಿ, ಪದ್ರುವಾದೊದವರ ಇಗರ್ಜಿಯಲ್ಲಿ, ಪಿತೃಪ್ರಧಾನರ ಅನುಮತಿ ಪಡೆದು ಮಾರ್ ಜೂಲಿಯಸ್ ಮತ್ತು ಮಲಂಕರದ ಬಿಷಪರು ಒಬ್ಬ ಫ್ರೆಂಚನ ತಲೆಯ ಮೇಲೆ ಕೈಯಿಟ್ಟರು. ಅಮೆರಿಕದ ವಿಸ್ಕಾನ್ಸಿನ್‌ನಲ್ಲಿ ಬೆಲ್ಜಿಯನ್ ವಲಸೆಗಾರರ ನಡುವೆ ಪಾದ್ರಿಯಾಗಿದ್ದ ಜೋಸೆಫ್ ರೆನೆ ವಿಲಾತ್ ಆತ. ಕಟ್ಟಳೆಗಳೆಲ್ಲ ನಡೆದವು, ಕೈಗಳ ಸರಪಳಿ ಎಲ್ಲಿಯೂ ಕಡಿಯಲಿಲ್ಲ. ಆದರೆ ಅಮೆರಿಕಕ್ಕೆ ಮರಳಿದ ಮೇಲೆ ಅವರ ಹಿಂದೆ ನಿಲ್ಲುವ ಜನ ಇರಲಿಲ್ಲ. ಊರೂರು ಅಲೆದು ಯಾರು ಯಾರಿಗೋ ಬಿಷಪ್ ಪಟ್ಟ ಕೊಟ್ಟರು. ಆ ಪಟ್ಟ ಪಡೆದವರು ಇನ್ನೂ ಕೆಲವರಿಗೆ ಕೊಟ್ಟರು. ಇಗರ್ಜಿಯಿಲ್ಲದ, ಜನವಿಲ್ಲದ ಬಿಷಪರ ದೊಡ್ಡ ಸಾಲೇ ಯುರೋಪು ಅಮೆರಿಕಗಳಲ್ಲಿ ಬೆಳೆಯಿತು. ಅದು ಇಂದಿಗೂ ನಿಂತಿಲ್ಲ. 1938ರಲ್ಲಿ ಅಂತಿಯೋಕ್ಯದ ಪೀಠ ಇವರಲ್ಲಿ ಯಾರೂ ನಮ್ಮವರಲ್ಲ ಎಂದು ಸಾರಬೇಕಾಯಿತು. ವಿಲಾತ್ ತಾವೇ 1925ರಲ್ಲಿ ರೋಮಿಗೆ ಶರಣಾಗಿ, ನಾಲ್ಕು ವರ್ಷದ ನಂತರ ಫ್ರಾನ್ಸಿನ ಒಂದು ಮಠದಲ್ಲಿ ಕಣ್ಣು ಮುಚ್ಚಿದರು.

ಬ್ರಹ್ಮಾವರವನ್ನೂ ಕೊಲಂಬೊವನ್ನೂ ಜೊತೆಗಿಟ್ಟು ನೋಡಿದಾಗ ನನಗೆ ಒಂದು ಸಂಗತಿ ಸ್ಪಷ್ಟವಾಗುತ್ತದೆ. ರೋಮಿನ ಕಾಗದ ಇಗರ್ಜಿಗಳನ್ನು ಒಬ್ಬರಿಂದ ಇನ್ನೊಬ್ಬರಿಗೆ ದಾಟಿಸಿತು, ಜನರನ್ನು ದಾಟಿಸಲು ಅದಕ್ಕೆ ಆಗಲಿಲ್ಲ. ಕೊಲಂಬೊದಲ್ಲಿ ಕೈಗಳು ದಾಟಿದವು, ಅದನ್ನು ಪಡೆದುಕೊಳ್ಳುವ ಜನ ಇರಲಿಲ್ಲ. ಎರಡೂ ಅಭಿಷೇಕಗಳಲ್ಲಿ ಸರಪಳಿಯ ಕೊಂಡಿ ಅವೇ. ಬ್ರಹ್ಮಾವರದಲ್ಲಿ ಮಾತ್ರ ‘ಯೋಗ್ಯನು’ ಎಂದು ಕೂಗಲು ಬಾಯಿಗಳಿದ್ದವು. ಆ ಬಾಯಿಗಳ ಮಕ್ಕಳು ಮೊಮ್ಮಕ್ಕಳು ಇಂದಿಗೂ ಅಲ್ಲಿದ್ದಾರೆ. 2010ರಲ್ಲಿ ಮಲಂಕರ ಆರ್ಥೊಡಾಕ್ಸ್ ಸಭೆ ಬ್ರಹ್ಮಾವರವನ್ನೇ ಒಂದು ಧರ್ಮಪ್ರಾಂತ್ಯ ಮಾಡಿತು. 2012ರಲ್ಲಿ ಉಡುಪಿ ಕ್ಯಾಥೊಲಿಕ್ ಧರ್ಮಪ್ರಾಂತ್ಯವಾದಾಗ ಕಲ್ಯಾಣಪುರದ ಮಿಲಾಗ್ರಿಸ್ ಅದರ ಪ್ರಧಾನಾಲಯವಾಯಿತು. ಸ್ವರ್ಣಾ ನದಿಯ ಎರಡು ದಡದಲ್ಲಿ ಈಗ ಪೇತ್ರನ ಎರಡು ಪೀಠಗಳಿಂದ ಕೈ ಪಡೆದುಬಂದ ಇಬ್ಬರು ಬಿಷಪರ ಇಗರ್ಜಿಗಳಿವೆ.

1923ರ ಸೆಪ್ಟೆಂಬರ್ 23ರಂದು ಮಾರ್ ಜೂಲಿಯಸ್ ಗೋವಾದ ರಿಬಂದರ್ ಆಸ್ಪತ್ರೆಯಲ್ಲಿ ತೀರಿಕೊಂಡರು. ಕೊನೆಯ ದಿನಗಳಲ್ಲಿ ರೋಮಿನ ಸಭೆಗೆ ಮರಳುವಂತೆ ಹೇಳಿದವರ ಮಾತನ್ನು ಒಪ್ಪಲಿಲ್ಲ. ಪಣಜಿಯ ಸಂತ ಇನೆಸ್ ಸ್ಮಶಾನದಲ್ಲಿ ಮಣ್ಣು ಮಾಡಿದರು. ಬಡಬಗ್ಗರು ಗುಂಪುಗುಂಪಾಗಿ ಬಂದಿದ್ದರು. ಕೆಲವು ವರ್ಷದ ನಂತರ ಗೆಳೆಯರು ಮತ್ತು ನಂಟರು ಅಲ್ಲಿ ಒಂದು ಶಿಲುಬೆ ನಿಲ್ಲಿಸಿ ಪೋರ್ಚುಗೀಸಿನಲ್ಲಿ ಹೆಸರು ಕೆತ್ತಿಸಿದರು. ದೊಡ್ಡ ಮನಸ್ಸಿನ ಸೇವಕ, ದೇಶಪ್ರೇಮಿ ಎಂದು ಅದರಲ್ಲಿದೆ. ಬಿಷಪ್ ಎಂದಿಲ್ಲ, ಮೆತ್ರಾಪೊಲೀತ ಎಂದೂ ಇಲ್ಲ. ಹೆಸರಿನ ಹಿಂದೆ ಇರುವುದು ‘ಪಾದ್ರಿ’ ಎಂಬ ಒಂದು ಪದ, ಅವರಿಂದ ಔಷಧಿ ಪಡೆದವರು, ಊಟ ಪಡೆದವರು ಅವರನ್ನು ಕರೆಯುತ್ತಿದ್ದ ಪದ.